ಗಣಕಯಂತ್ರದ ಆಟಗಳೂ ಅವುಗಳ ಬೀಗಮುದ್ರೆಯೂ

ಒಂದು ಕೃತಿಯ ಆಯುಸ್ಸು ಅದರ ಪ್ರತಿಗಳ ಸಂಖ್ಯೆಯನ್ನು ಅವಲಂಬಿಸಿರುವುದೆಂಬುದು ಕನ್ನಡ ಸಾಹಿತ್ಯದ ಚರಿತ್ರೆಯನ್ನು ಬಲ್ಲವರಿಗೆ ಹೊಸದಾಗಿ ಹೇಳಬೇಕಾದ ಮಾತಲ್ಲ. ದಾನಚಿಂತಾಮಣಿಯೆನಿಸಿದ ಅತ್ತಿಮಬ್ಬೆಯು ಪೊನ್ನನ ಶಾಂತಿಪುರಾಣದ ಸಾವಿರ ಪ್ರತಿಗಳನ್ನು ಬರೆಯಿಸಿ ಹಂಚಿದಳೆಂದು ಪ್ರಸಿದ್ಧಿಯಿದೆ; ಆ ಪುರಾಣವು ಇಂದಿಗೂ ಓದಲು ದೊರೆಯುತ್ತದೆ. ಅದೇ ಕವಿಯ ಭುವನೈಕರಾಮಾಭ್ಯುದಯವಾದರೋ ಪೂರ್ಣರೂಪದಲ್ಲಿ ಎಲ್ಲಿಯೂ ಸಿಕ್ಕಿಲ್ಲ. ಪ್ರತಿಮಾಡುವುದು ಪುಣ್ಯಕಾರ್ಯವೆಂದು ಎಣಿಸಿದ ಕಾಲದಲ್ಲಿಯೇ ಇಷ್ಟು ನಷ್ಟವಾಗಿರಲು, ಪ್ರತಿಮಾಡಗೊಡದ ಉಪಾಯವನ್ನು ಕೃತಿಯ ಒಡಲೊಳಗೇ ಹುದುಗಿಸಿ ಹೊರತಂದರೆ ಅದರ ಗತಿಯೇನಾಗುವುದು? ಕಳೆದ ಶತಮಾನದ ಕೊನೆಯ ಪಾದದಲ್ಲಿ ಮನೆಮನೆಗೂ ಬಂದ ವಿಡಿಯೋ ಆಟಗಳ ಚರಿತ್ರೆಯು ಈ ಪ್ರಶ್ನೆಗೆ ಉತ್ತರವನ್ನು ಕೊಡುತ್ತದೆ.

ವಿಡಿಯೋ ಆಟವೆಂದರೆ ಕಂಪ್ಯೂಟರೆಂಬ ಗಣಕಯಂತ್ರಕ್ಕೆ ಕೊಡತಕ್ಕ ಆಜ್ಞೆಗಳ ಒಂದು ಮಾಲೆ. ಇದಕ್ಕೆ ಪ್ರೋಗ್ರಾಮೆಂದು ಹೆಸರು. ಈ ಆಜ್ಞೆಗಳನ್ನು ಯಂತ್ರವು ನಡೆಯಿಸಿದಾಗ ತೆರೆಯ ಮೇಲೆ ಚಿತ್ರಗಳು ಚಲಿಸುವುವು, ಸಂಗೀತವು ಕೇಳಿಬರುವುದು, ಕಥೆಯು ಆಡುವವನ ಕೈಯಲ್ಲಿ ಬೆಳೆಯುವುದು. ಮಾಲೆಯು ಕಾಗದದ ಪಟ್ಟಿಯ ಮೇಲೋ ಕಾಂತಲೇಪವುಳ್ಳ ಬಿಲ್ಲೆಯ ಮೇಲೋ ಬರೆಯಲ್ಪಟ್ಟಿರುವುದು. ಅದನ್ನು ಕಣ್ಣಿನಿಂದ ಓದಲಾಗದು, ಯಂತ್ರವೇ ಓದಬೇಕು. ಓದಬಲ್ಲ ಯಂತ್ರವು ಕೆಲವು ನಿಮಿಷಗಳಲ್ಲಿ ಅದರ ಪ್ರತಿಯನ್ನೂ ಮಾಡಬಲ್ಲುದು. ಹಾಗೆ ಮಾಡಿದ ಪ್ರತಿಗೂ ಮೂಲಕ್ಕೂ ಎಳ್ಳಷ್ಟೂ ಭೇದವಿರುವುದಿಲ್ಲ. ಈ ಒಂದು ಗುಣವೇ ಮುಂದಿನ ಕಲಹಕ್ಕೆಲ್ಲ ಮೂಲವಾಯಿತು.

ಕಲಹದ ಆರಂಭವು ಆಟದಿಂದ ಆದುದಲ್ಲ. ೧೯೭೫ರಲ್ಲಿ ಅಮೆರಿಕಾದಲ್ಲಿ ಆಲ್ಟೇರ್ ೮೮೦೦ ಎಂಬ ಸಣ್ಣ ಗಣಕಯಂತ್ರವು ಮಾರಾಟಕ್ಕೆ ಬಂದಿತು. ಬಿಲ್ ಗೇಟ್ಸ್, ಪಾಲ್ ಆಲನ್ ಎಂಬ ಯುವಕರು ಅದಕ್ಕೋಸ್ಕರ ಬೇಸಿಕ್ ಎಂಬ ಪ್ರೋಗ್ರಾಮನ್ನು ರಚಿಸಿದರು. ರಂಧ್ರಗಳುಳ್ಳ ಕಾಗದದ ಪಟ್ಟಿಯಲ್ಲಿದ್ದ ಆ ರಚನೆಯನ್ನು ಹವ್ಯಾಸಿಗಳು ಒಬ್ಬರಿಂದೊಬ್ಬರು ಪ್ರತಿಮಾಡಿಕೊಂಡರು. ೧೯೭೬ರ ಫೆಬ್ರವರಿ ೩ನೆಯ ತಾರೀಖಿನಂದು ಗೇಟ್ಸನು ಹವ್ಯಾಸಿಗಳಿಗೆ ಒಂದು ಬಹಿರಂಗ ಪತ್ರವನ್ನು ಬರೆದು, ಯಂತ್ರವನ್ನು ಕೊಂಡವರಲ್ಲಿ ಹತ್ತರಲ್ಲೊಬ್ಬರೂ ಬೇಸಿಕ್ಕಿಗೆ ಹಣ ತೆತ್ತಿಲ್ಲವೆಂದೂ, ತಮ್ಮ ಶ್ರಮಕ್ಕೆ ಗಂಟೆಗೆ ಎರಡು ಡಾಲರಿಗಿಂತಲೂ ಕಡಮೆ ಪ್ರತಿಫಲ ಬಿದ್ದಿತೆಂದೂ ದೂರಿದನು. ಹವ್ಯಾಸಿಗಳ ದೃಷ್ಟಿಯಲ್ಲಿ ಪ್ರೋಗ್ರಾಮೆಂಬುದು ಮಿತ್ರರಲ್ಲಿ ಹಂಚಿಕೊಳ್ಳತಕ್ಕ ವಿದ್ಯೆ. ರಚಿಸಿದವನ ದೃಷ್ಟಿಯಲ್ಲಿ ಅದು ಜೀವನೋಪಾಯ. ಎರಡು ಪಕ್ಷಗಳಲ್ಲಿಯೂ ನ್ಯಾಯದ ಒಂದಂಶವಿದ್ದಿತು.

೧೯೮೦ರಲ್ಲಿ ಅಮೆರಿಕಾದ ಶಾಸನಸಭೆಯು ಕೃತಿಸ್ವಾಮ್ಯದ ಕಾನೂನನ್ನು ತಿದ್ದಿ, ಪ್ರೋಗ್ರಾಮುಗಳಿಗೂ ಗ್ರಂಥಗಳಿಗಿರುವಂತೆ ರಕ್ಷಣೆಯುಂಟೆಂದು ಸ್ಪಷ್ಟಪಡಿಸಿತು. ಆದರೆ ಅದೇ ತಿದ್ದುಪಡಿಯು ಕೊಂಡವನಿಗೂ ಒಂದು ಹಕ್ಕನ್ನು ಕೊಟ್ಟಿತು: ಮೂಲವು ಕೆಟ್ಟರೆ ಉಪಯೋಗಕ್ಕಿರಲೆಂದು ಒಂದು ಕಾಪುಪ್ರತಿಯನ್ನು ಮಾಡಿಟ್ಟುಕೊಳ್ಳಬಹುದು. ಕಾನೂನು ಹೀಗೆ ಎರಡು ಕಡೆಗೂ ನೋಡುತ್ತಿರಲು, ವ್ಯಾಪಾರವು ಒಂದೇ ಕಡೆಗೆ ನೋಡಿತು. ಅದೇ ವರ್ಷ ಕೆನ್ ಮತ್ತು ರಾಬರ್ಟಾ ವಿಲಿಯಮ್ಸ್ ದಂಪತಿಗಳು ‘ಮಿಸ್ಟರಿ ಹೌಸ್’ ಎಂಬ ಆಟವನ್ನು ಮನೆಯಲ್ಲಿಯೇ ರಚಿಸಿ ಮಾರಿದರು. ಇಂತಹ ಸಣ್ಣ ಸಂಸಾರಗಳಿಗೆ ಒಂದೊಂದು ಕಳ್ಳಪ್ರತಿಯೂ ಅನ್ನದ ಮಾತಾಗಿದ್ದಿತು. ಕಾನೂನಿನ ನಿಧಾನವನ್ನು ಕಾಯದೆ ಅವರು ಬೀಗವನ್ನು ಹುಡುಕಿದುದು ಸಹಜವೇ ಸರಿ.

ಆ ಬೀಗದ ರಚನೆಯನ್ನು ತಿಳಿಯಬೇಕಾದರೆ ಆಪಲ್ ೨ ಎಂಬ ಯಂತ್ರವನ್ನು ನೋಡಬೇಕು. ಇದು ೧೯೭೭ರಲ್ಲಿ ಬಂದಿತು. ಇದರ ಡಿಸ್ಕು ಓದುವ ಉಪಕರಣವನ್ನು ಸ್ಟೀವ್ ವೋಜ್ನಿಯಾಕನು ೧೯೭೮ರಲ್ಲಿ ನಿರ್ಮಿಸಿದನು. ಐದೂಕಾಲು ಅಂಗುಲದ ಫ್ಲಾಪಿ ಡಿಸ್ಕಿನ ಮೇಲೆ ಒಂದರೊಳಗೊಂದು ವೃತ್ತಗಳಂತೆ ೩೫ ಪಥಗಳಿರುವುವು. ೧೯೮೦ರಿಂದ ರೂಢಿಗೆ ಬಂದ ಕ್ರಮದಲ್ಲಿ ಪ್ರತಿಯೊಂದು ಪಥವೂ ೧೬ ಖಂಡಗಳಾಗಿ, ಒಂದೊಂದು ಖಂಡವೂ ೨೫೬ ಅಕ್ಷರಗಳನ್ನು ಹಿಡಿಯುತ್ತದೆ. ಒಟ್ಟು ೧,೪೩,೩೬೦ ಅಕ್ಷರಗಳು. ಓಲೆಯ ಕಟ್ಟಿನಲ್ಲಿ ಗರಿಯ ಅಂಚಿಗೆ ಸಂಖ್ಯೆಯನ್ನು ಬರೆಯುವಂತೆ, ಪ್ರತಿಯೊಂದು ಖಂಡದ ತಲೆಯಲ್ಲಿ ೨೧೩, ೧೭೦, ೧೫೦ ಎಂಬ ಮೂರು ಸಂಕೇತಗಳು ಕ್ರಮವಾಗಿ ನಿಂತು, ಖಂಡವು ಇಲ್ಲಿ ಮೊದಲಾಗುವುದೆಂದು ಯಂತ್ರಕ್ಕೆ ಸೂಚಿಸುವುವು.

ವೋಜ್ನಿಯಾಕನು ಖರ್ಚನ್ನು ಉಳಿಸುವುದಕ್ಕಾಗಿ, ವಿದ್ಯುನ್ಮಂಡಲಗಳು ಮಾಡತಕ್ಕ ಕೆಲಸದ ಬಹುಭಾಗವನ್ನು ಪ್ರೋಗ್ರಾಮಿಗೇ ವಹಿಸಿದ್ದನು. ಇದರಿಂದ ಅವನು ಎಣಿಸದಿದ್ದ ಒಂದು ಫಲವುಂಟಾಯಿತು. ಓದುವ ಕ್ರಮವು ಪ್ರೋಗ್ರಾಮಿನ ಅಧೀನವಾದುದರಿಂದ, ಒಂದೊಂದು ಆಟವೂ ತನ್ನದೇ ಆದ ಓದುವ ಕ್ರಮವನ್ನು ತನ್ನೊಡನೆ ತರಬಹುದಾಯಿತು. ಆಟವನ್ನು ಮಾರುವವರು ೨೧೩ರ ಸ್ಥಾನದಲ್ಲಿ ಬೇರೊಂದು ಸಂಕೇತವನ್ನಿಟ್ಟರು. ಸಾಧಾರಣವಾದ ಪ್ರತಿಯಂತ್ರಕ್ಕೆ ಖಂಡದ ಆದಿಯೇ ಕಾಣದೆ ಹೋಯಿತು. ಕೆಲವರು ಪಥಗಳ ನಡುವಣ ಬರಿದಾದ ಸ್ಥಳದಲ್ಲಿ ಬರೆದರು. ವಿಲಿಯಮ್ಸ್ ದಂಪತಿಗಳ ಸಂಸ್ಥೆಗಾಗಿ ಮಾರ್ಕ್ ಡ್ಯೂಶೆನೋ ಎಂಬಾತನು ರಚಿಸಿದ ಸ್ಪೈರಾಡಿಸ್ಕ್ ಎಂಬ ಕ್ರಮದಲ್ಲಿ ಬರವಣಿಗೆಯು ವೃತ್ತಗಳಲ್ಲಿ ನಿಲ್ಲದೆ ಸುರುಳಿಯಾಗಿ ಒಳಗೆ ಸರಿಯುತ್ತಿದ್ದಿತು.

ಆದರೆ ಈ ಬೀಗಗಳಿಗೆಲ್ಲ ಪರಿಹರಿಸಲಾಗದ ಒಂದು ದೌರ್ಬಲ್ಯವಿದ್ದಿತು. ಯಂತ್ರವು ಹೊತ್ತಿದೊಡನೆ ಡಿಸ್ಕಿನ ಮೊದಲನೆಯ ಖಂಡವನ್ನು ತನಗೆ ಹುಟ್ಟಿನಿಂದ ತಿಳಿದಿರುವ ಕ್ರಮದಲ್ಲಿಯೇ ಓದುವುದು. ಆದಕಾರಣ ಆ ಒಂದು ಖಂಡವನ್ನಾದರೂ ಬೀಗವಿಲ್ಲದೆ ಬರೆಯಲೇಬೇಕು. ಉಳಿದುದನ್ನು ಓದುವ ಬಗೆಯನ್ನು ಅಲ್ಲಿಯೇ ತಿಳಿಸಬೇಕು. ಮನೆಗೆ ಬೀಗ ಹಾಕಿ ಕೀಲಿಕೈಯನ್ನು ಬಾಗಿಲಿಗೆ ತೂಗುಹಾಕಿದಂತಾಯಿತು. ತಾಳ್ಮೆಯುಳ್ಳವನು ಆ ಮೊದಲನೆಯ ಖಂಡದಿಂದ ಹೊರಟು, ಆಜ್ಞೆಗಳನ್ನು ಒಂದೊಂದಾಗಿ ಅನುಸರಿಸುತ್ತ ಹೋದರೆ ಎಂತಹ ಬೀಗವನ್ನಾದರೂ ಬಿಡಿಸಬಹುದಾಗಿದ್ದಿತು.

ಅಂತಹ ತಾಳ್ಮೆಯುಳ್ಳವರು ಬಹುಮಂದಿ ಹುಟ್ಟಿಕೊಂಡರು. ಅವರಲ್ಲಿ ಅನೇಕರು ಎಳೆಯ ವಯಸ್ಸಿನವರು; ಎಲ್ಲರೂ ಕಾವ್ಯನಾಮದಂತಹ ಹುಸಿಹೆಸರುಗಳ ಹಿಂದೆ ಅಡಗಿದ್ದವರು. ಕ್ರಾಕೋವಿಚ್ ಎಂಬ ಹೆಸರಿನವನು ಬೀಗ ಬಿಡಿಸುವ ವಿದ್ಯೆಯನ್ನು ಕುರಿತು ಪಾಠಗಳನ್ನೇ ಬರೆದನು. ೧೯೮೧ರಲ್ಲಿ ಲಾಕ್‌ಸ್ಮಿತ್ ಎಂಬ ಪ್ರತಿಮಾಡುವ ಪ್ರೋಗ್ರಾಮು ಮಾರಾಟಕ್ಕೇ ಬಂದಿತು. ಪ್ರೋಲಾಕ್ ಎಂಬ ಬೀಗವನ್ನು ಮಾರುತ್ತಿದ್ದ ವಾಲ್ಟ್ ಸಂಸ್ಥೆಯು, ಆ ಬೀಗವನ್ನು ನಿಷ್ಫಲಗೊಳಿಸುವ ಪ್ರೋಗ್ರಾಮನ್ನು ಮಾರಿದ ಕ್ವೇಡ್ ಸಂಸ್ಥೆಯ ಮೇಲೆ ವ್ಯಾಜ್ಯ ಹೂಡಿತು. ೧೯೮೮ರಲ್ಲಿ ಅಮೆರಿಕಾದ ಮೇಲ್ಮನವಿಯ ನ್ಯಾಯಾಲಯವು, ಕಾಪುಪ್ರತಿಯನ್ನು ಮಾಡಿಕೊಳ್ಳುವ ಹಕ್ಕು ಕೊಂಡವನಿಗಿರುವುದರಿಂದ ಅದಕ್ಕೆ ನೆರವಾಗುವ ಸಾಧನವು ಅಕ್ರಮವಲ್ಲವೆಂದು ತೀರ್ಪಿತ್ತಿತು.

ಬೀಗವು ಡಿಸ್ಕಿನಲ್ಲಿಯೇ ಇರಬೇಕೆಂಬ ನಿಯಮವೇನೂ ಇರಲಿಲ್ಲ. ಇಂಗ್ಲೆಂಡಿನಲ್ಲಿ ೧೯೮೪ರ ‘ಜೆಟ್ ಸೆಟ್ ವಿಲ್ಲಿ’ ಎಂಬ ಆಟದೊಡನೆ ಬಣ್ಣಬಣ್ಣದ ಮನೆಗಳುಳ್ಳ ಒಂದು ಚೀಟಿ ಬರುತ್ತಿದ್ದಿತು. ಯಂತ್ರವು ಕೇಳಿದ ಮನೆಯ ಬಣ್ಣವನ್ನು ಹೇಳದವನಿಗೆ ಆಟವಿಲ್ಲ. ಬಣ್ಣದ ನಕಲು ದುಬಾರಿಯಾಗಿದ್ದ ಕಾಲವದು. ೧೯೮೫ರಲ್ಲಿ ‘ಎಲೀಟ್’ ಎಂಬ ಆಟಕ್ಕೆ ಲೆನ್ಸ್‌ಲಾಕ್ ಎಂಬ ಪ್ಲಾಸ್ಟಿಕ್ ಮಸೂರವನ್ನು ಸೇರಿಸಿದರು. ತೆರೆಯ ಮೇಲೆ ಚೂರುಚೂರಾಗಿ ಕಾಣುವ ಅಕ್ಷರಗಳನ್ನು ಅದರ ಮೂಲಕ ನೋಡಿ ಓದಬೇಕು. ಕೆಲವು ಪೆಟ್ಟಿಗೆಗಳಲ್ಲಿ ಬೇರೆ ಆಟದ ಮಸೂರವು ಸೇರಿಹೋಗಿ, ಹಣ ಕೊಟ್ಟು ಕೊಂಡವರೇ ಬಾಗಿಲಲ್ಲಿ ನಿಲ್ಲುವಂತಾಯಿತು. ೧೯೯೦ರ ‘ಮಂಕಿ ಐಲೆಂಡ್’ ಆಟಕ್ಕೆ ಕಡಲುಗಳ್ಳರ ಮುಖಗಳುಳ್ಳ ರಟ್ಟಿನ ಚಕ್ರವಿದ್ದಿತು. ಚೀಟಿಯು ಹರಿಯುವುದು, ಮಸೂರವು ಕಳೆಯುವುದು, ರಟ್ಟು ಗೆದ್ದಲಿಗೆ ಆಹಾರವಾಗುವುದು. ಆಗ ಡಿಸ್ಕು ನೆಟ್ಟಗಿದ್ದರೂ ಆಟವು ತೆರೆಯದು. ಕೃತಿಯ ಬಾಳು ಅದರ ಅತ್ಯಂತ ದುರ್ಬಲವಾದ ಅಂಗದ ಬಾಳಿನಷ್ಟೇ ಆಯಿತು.

ಈ ಮಾತಿಗೆ ಜಪಾನಿನ ಕ್ಯಾಪ್‌ಕಾಮ್ ಸಂಸ್ಥೆಯ ವೃತ್ತಾಂತಕ್ಕಿಂತ ದೊಡ್ಡ ನಿದರ್ಶನವಿಲ್ಲ. ೧೯೯೧ರಲ್ಲಿ ಅದು ಹೊರತಂದ ‘ಸ್ಟ್ರೀಟ್ ಫೈಟರ್ ೨’ ಎಂಬ ನಾಣ್ಯದ ಆಟಕ್ಕೆ ಹಲವು ದೇಶಗಳಲ್ಲಿ ಖೋಟಾ ಯಂತ್ರಗಳು ಹುಟ್ಟಿಕೊಂಡುವು. ಆ ಪೆಟ್ಟನ್ನು ತಿಂದ ಸಂಸ್ಥೆಯು ೧೯೯೩ರಲ್ಲಿ ಸಿಪಿಎಸ್-೨ ಎಂಬ ಹೊಸ ಯಂತ್ರವನ್ನು ಕಟ್ಟಿತು. ಇದರಲ್ಲಿ ಆಟದ ಆಜ್ಞೆಗಳೆಲ್ಲ ಗೂಢಲಿಪಿಯಲ್ಲಿದ್ದುವು. ಅವನ್ನು ಬಿಡಿಸುವ ಕೀಲಿಯು, ವಿದ್ಯುತ್ತು ಹರಿಯುವವರೆಗೆ ಮಾತ್ರ ನೆನಪಿಟ್ಟುಕೊಳ್ಳಬಲ್ಲ ಒಂದು ಬಿಲ್ಲೆಯಲ್ಲಿದ್ದು, ಅದಕ್ಕೆ ಒಂದು ಸಣ್ಣ ಬ್ಯಾಟರಿಯು ಜೀವವನ್ನೀಯುತ್ತಿದ್ದಿತು. ಪರೀಕ್ಷಿಸಲು ಯಂತ್ರವನ್ನು ಕೆಣಕಿದರೆ ಕೀಲಿಯು ಅಳಿಯುವುದು. ಕೆಣಕದಿದ್ದರೂ ವರ್ಷಗಳು ಕಳೆದು ಬ್ಯಾಟರಿಯು ಬತ್ತಿದ ದಿನ ಅಳಿಯುವುದು. ಬೀಗವು ಕಳ್ಳನನ್ನೂ ಒಡೆಯನನ್ನೂ ಒಂದೇ ರೀತಿಯಲ್ಲಿ ಕಂಡಿತು. ನ್ಯಾಯವಾಗಿ ಕೊಂಡ ಯಂತ್ರಗಳು ಒಂದೊಂದಾಗಿ ಕುರುಡಾದುವು. ಹವ್ಯಾಸಿಗಳು ಅದನ್ನು ಆತ್ಮಹತ್ಯೆಯ ಬ್ಯಾಟರಿಯೆಂದೇ ಕರೆದರು.

ಆ ವೇಳೆಗೆ ಇಟಲಿಯ ನಿಕೋಲಾ ಸಾಲ್ಮೋರಿಯಾ ಎಂಬಾತನು ೧೯೯೭ರ ಫೆಬ್ರವರಿಯಲ್ಲಿ ಮೇಮ್ ಎಂಬ ಪ್ರೋಗ್ರಾಮನ್ನು ಪ್ರಕಟಿಸಿದ್ದನು. ಹಳೆಯ ನಾಣ್ಯದ ಯಂತ್ರಗಳ ನಡೆಯನ್ನು ಹೊಸ ಗಣಕಯಂತ್ರವು ಅನುಕರಿಸುವಂತೆ ಮಾಡಿ, ಅವುಗಳ ರಚನೆಯನ್ನು ದಾಖಲೆಮಾಡುವುದು ಇದರ ಉದ್ದೇಶ. ಸಿಪಿಎಸ್-೨ರ ಗೂಢಲಿಪಿಯು ಮಾತ್ರ ಬಹುಕಾಲ ಜಗ್ಗಲಿಲ್ಲ. ೨೦೦೧ರಲ್ಲಿ ಹವ್ಯಾಸಿಗಳ ಒಂದು ತಂಡವು ಇನ್ನೂ ಜೀವವಿದ್ದ ಯಂತ್ರಗಳಿಂದಲೇ ಬಿಡಿಸಿದ ಆಜ್ಞೆಗಳನ್ನು ಹೊರತೆಗೆಯಿತು. ೨೦೦೭ರಲ್ಲಿ ಗೂಢಲಿಪಿಯ ಸೂತ್ರವೇ ಪತ್ತೆಯಾಯಿತು. ೨೦೧೬ರಲ್ಲಿ ಸತ್ತ ಯಂತ್ರಗಳೊಳಕ್ಕೆ ಕೀಲಿಯನ್ನು ಮರಳಿ ಸೇರಿಸುವ ಉಪಾಯವು ದೊರೆಯಿತು. ಈ ಕೆಲಸವನ್ನು ಮಾಡಿದವರು ಬೀಗವನ್ನು ಮಾಡಿದವರಲ್ಲ, ಅದನ್ನು ಮುರಿದವರು.

ಹೀಗೆಂದಮಾತ್ರಕ್ಕೆ ಬೀಗವು ವ್ಯರ್ಥವಾಗಿದ್ದಿತೆಂದು ಹೇಳುವುದು ಯುಕ್ತವಲ್ಲ. ೨೦೦೦ದಲ್ಲಿ ಪ್ರಕಟವಾದ ‘ಸ್ಪೈರೋ: ಇಯರ್ ಆಫ್ ದಿ ಡ್ರ್ಯಾಗನ್’ ಎಂಬ ಆಟದಲ್ಲಿ ರಚನಕಾರರು ಬೀಗದ ಮೇಲೆ ಬೀಗವನ್ನಿಟ್ಟಿದ್ದರು. ಒಂದನ್ನು ಮುರಿದವನು ಗೆದ್ದೆನೆಂದು ಎಣಿಸಿ ಮುಂದುವರಿದರೆ, ಎಷ್ಟೋ ಹೊತ್ತಿನ ಮೇಲೆ ಆಟವು ಅಡ್ಡದಾರಿ ಹಿಡಿಯುವುದು. ಅದನ್ನು ಪೂರ್ತಿ ಬಿಡಿಸುವುದಕ್ಕೆ ಎರಡು ತಿಂಗಳಿಗೂ ಸ್ವಲ್ಪ ಹೆಚ್ಚು ಕಾಲ ಹಿಡಿಯಿತು. ರಚನಕಾರರು ಇದನ್ನು ತಮ್ಮ ಜಯವೆಂದೇ ಭಾವಿಸಿದರು. ಹೊಸ ಆಟವು ಹೆಚ್ಚಾಗಿ ಮಾರುವುದು ಮೊದಲ ತಿಂಗಳುಗಳಲ್ಲಿಯೇ ಆದುದರಿಂದ ಆ ಭಾವನೆಯು ಸರಿಯಾದುದೇ. ವಿಚಾರಿಸತಕ್ಕ ಅಂಶವು ಇದರಲ್ಲಿಯೇ ಇದೆ. ಬೀಗದ ಪ್ರಯೋಜನವು ತಿಂಗಳುಗಳ ಲೆಕ್ಕದ್ದು. ಬೀಗವಾದರೋ ತೆಗೆಯುವವರಿಲ್ಲದೆ ದಶಕಗಳವರೆಗೆ ಹಾಗೆಯೇ ಉಳಿಯುವುದು. ಸಂಸ್ಥೆಗಳ ಹೆಸರಿನಲ್ಲಿ ಪ್ರಕಟವಾದ ಕೃತಿಗಳಿಗೆ ಅಮೆರಿಕಾದ ಕಾನೂನು ೯೫ ವರ್ಷಗಳ ಸ್ವಾಮ್ಯವನ್ನು ಕೊಟ್ಟಿದೆ. ೧೯೮೪ರಲ್ಲಿ ಹಾಗೆ ಪ್ರಕಟವಾದ ಆಟವು ಸರ್ವರ ಸೊತ್ತಾಗುವುದು ೨೦೮೦ರಲ್ಲಿ. ಅಷ್ಟು ದೀರ್ಘಕಾಲ ಕಾಂತಲೇಪವು ಅಕ್ಷರವನ್ನು ಹಿಡಿದಿರುವುದೆಂದು ನಂಬಿ ಕುಳಿತಿರಲಾಗದು.

ಬೀಗ ಮುರಿದವರು ಕೃತಿಗಳನ್ನು ಉಳಿಸಿದುದು ನಿಜವಾದರೂ ಅವರನ್ನು ಆದರ್ಶ ಲಿಪಿಕಾರರೆಂದು ಹೊಗಳಲಾಗುವುದಿಲ್ಲ. ಅವರ ಲಕ್ಷ್ಯವಿದ್ದುದು ಬೇಗ ಹಂಚುವುದರಲ್ಲಿ, ಕೀರ್ತಿಯನ್ನು ಪಡೆಯುವುದರಲ್ಲಿ. ಒಂದೇ ಡಿಸ್ಕಿನಲ್ಲಿ ಹಲವು ಆಟಗಳು ಹಿಡಿಯಲೆಂದು ಮೊದಲಿನ ಚಿತ್ರಗಳನ್ನು ಕತ್ತರಿಸಿದರು. ರಚಿಸಿದವನ ಹೆಸರಿದ್ದ ಸ್ಥಳದಲ್ಲಿ ತಮ್ಮ ಹೆಸರುಗಳನ್ನು ಬರೆದರು. ಒಳಗೆ ಅಡಗಿದ್ದ ಎರಡನೆಯ ಪರೀಕ್ಷೆಯನ್ನು ಗಮನಿಸದೆ ಬಿಟ್ಟುದರಿಂದ ಎಷ್ಟೋ ಪ್ರತಿಗಳು ನಡುವೆಯೇ ನಿಂತುಹೋಗುವುವು. ಪ್ರಾಚೀನ ಕಾವ್ಯಗಳ ಸಂಪಾದಕರು ಪ್ರಕ್ಷಿಪ್ತವೆಂದೂ ಗ್ರಂಥಪಾತವೆಂದೂ ಕರೆಯುವ ದೋಷಗಳೆಲ್ಲ ಇವುಗಳಲ್ಲಿಯೂ ಉಂಟು. ಇದಕ್ಕಿಂತ ಹೆಚ್ಚಿನ ಹಾನಿಯು ಬೇರೊಂದಿದೆ. ಕಳ್ಳರು ಕದ್ದುದು ತಾವು ಬಯಸಿದುದನ್ನು ಮಾತ್ರ. ಹೊಡೆದಾಟದ ಆಟಗಳೂ ಪ್ರಸಿದ್ಧವಾದ ಸಾಹಸದ ಆಟಗಳೂ ಅವರ ಕೈಯಿಂದ ಉಳಿದುವು. ಶಾಲೆಯ ಮಕ್ಕಳಿಗೆ ಗಣಿತವನ್ನೂ ಕಾಗುಣಿತವನ್ನೂ ಕಲಿಸಲು ರಚಿಸಿದ ಪ್ರೋಗ್ರಾಮುಗಳನ್ನು ಮುಟ್ಟಿದವರು ವಿರಳ. ಅವು ಬೀಗದೊಡನೆಯೇ ಪೆಟ್ಟಿಗೆಗಳಲ್ಲಿ ಬಿದ್ದಿದ್ದುವು.

ಈ ಕೊರತೆಯನ್ನು ತುಂಬುವುದಕ್ಕೆ ಹೊಸ ಬಗೆಯ ವಿದ್ವಾಂಸರು ಮುಂದೆ ಬಂದರು. ಅವರಲ್ಲಿ ಫೋರ್‌ಎಎಮ್ ಎಂಬ ಹುಸಿಹೆಸರಿನವನು ಅಗ್ರಗಣ್ಯನು. ೨೦೧೪ರ ಸುಮಾರಿನಿಂದ ಆತನು ಆಪಲ್ ೨ರ ಮೂಲ ಡಿಸ್ಕುಗಳನ್ನು ಸಂಪಾದಿಸಿ, ವಿಶೇಷವಾಗಿ ಯಾರೂ ಕಣ್ಣೆತ್ತಿ ನೋಡದಿದ್ದ ಪಾಠದ ಪ್ರೋಗ್ರಾಮುಗಳನ್ನು ಆರಿಸಿಕೊಂಡು, ಬೀಗವನ್ನಲ್ಲದೆ ಮತ್ತೇನನ್ನೂ ತೆಗೆಯದೆ ಇಂಟರ್ನೆಟ್ ಆರ್ಕೈವ್ ಎಂಬ ಸಾರ್ವಜನಿಕ ಭಂಡಾರದಲ್ಲಿ ಇರಿಸಿದನು. ಮೊದಲಿನ ಚಿತ್ರವೂ ರಚನಕಾರನ ಹೆಸರೂ ಇದ್ದಂತೆಯೇ ಇರುವುವು. ಬೀಗವು ಎಂತಹುದು, ಅದನ್ನು ಯಾವ ಕ್ರಮದಲ್ಲಿ ಬಿಡಿಸಲಾಯಿತು, ಯಾವ ಅಕ್ಷರವು ಎಲ್ಲಿ ಬದಲಾಯಿತೆಂಬುದನ್ನೆಲ್ಲ ವಿವರಿಸುವ ಟಿಪ್ಪಣಿಯೂ ಅನೇಕ ಪ್ರತಿಗಳೊಡನೆ ಇರುವುದು. ೨೦೧೬ರಲ್ಲಿ ಆತನು ಸಾಮಾನ್ಯವಾದ ಬೀಗಗಳನ್ನು ತಾನಾಗಿ ಬಿಡಿಸುವ ಪಾಸ್‌ಪೋರ್ಟ್ ಎಂಬ ಪ್ರೋಗ್ರಾಮನ್ನು ಪ್ರಕಟಿಸಿದನು. ೨೦೧೮ರ ಸುಮಾರಿಗೆ ಬಂದ ಆಪಲ್‌ಸಾಸ್ ಎಂಬ ಉಪಕರಣವು ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಡಿಸ್ಕಿನ ಮೇಲಣ ಕಾಂತದ ಏರಿಳಿತಗಳನ್ನೇ ದಾಖಲೆಮಾಡುವುದು. ಇದರಿಂದ ಬೀಗವೂ ಯಥಾಸ್ಥಿತಿಯಲ್ಲಿ ಉಳಿಯುವುದು. ಬೀಗವೂ ಆ ಕಾಲದ ಜಾಣ್ಮೆಯ ಕೃತಿಯೇ ಆದುದರಿಂದ, ಓದುವವನಿಗೆ ಬಿಡಿಸಿದ ಪ್ರತಿಯೂ ಚರಿತ್ರಕಾರನಿಗೆ ಬಿಡಿಸದ ಪ್ರತಿಯೂ ಎರಡೂ ಅವಶ್ಯಕ.

ಕಾನೂನಿನ ನಡೆಯು ಇದಕ್ಕೆ ವಿರುದ್ಧವಾದ ದಿಕ್ಕನ್ನು ಹಿಡಿದಿದ್ದಿತು. ೧೯೯೮ರಲ್ಲಿ ಅಮೆರಿಕಾದಲ್ಲಿ ಜಾರಿಯಾದ ಹೊಸ ಕಾಯಿದೆಯು, ಪ್ರತಿಮಾಡಲಿ ಬಿಡಲಿ, ಬೀಗವನ್ನು ಮುರಿಯುವುದೇ ಅಪರಾಧವೆಂದು ವಿಧಿಸಿತು. ಮೂರು ವರ್ಷಗಳಿಗೊಮ್ಮೆ ವಿನಾಯಿತಿಗಳನ್ನು ಕೇಳಲು ಮಾತ್ರ ಅವಕಾಶವಿದೆ. ೨೦೦೩ರಲ್ಲಿ, ಬಳಕೆ ತಪ್ಪಿದ ಯಂತ್ರಗಳಿಗೆ ಕಟ್ಟುಬಿದ್ದ ಆಟಗಳ ಮಟ್ಟಿಗೆ ಅಂತಹ ವಿನಾಯಿತಿಯೊಂದು ದೊರೆಯಿತು. ಅಮೆರಿಕಾದಲ್ಲಿ ೨೦೧೦ಕ್ಕೆ ಮುಂಚೆ ಪ್ರಕಟವಾದ ಆಟಗಳಲ್ಲಿ ನೂರಕ್ಕೆ ೮೭ರಷ್ಟು ಪೇಟೆಯಲ್ಲಿ ದೊರೆಯುವುದಿಲ್ಲವೆಂದು ವಿಡಿಯೋ ಗೇಮ್ ಹಿಸ್ಟರಿ ಫೌಂಡೇಷನ್ ಸಂಸ್ಥೆಯು ೨೦೨೩ರಲ್ಲಿ ಪ್ರಕಟಿಸಿತು. ಇಂತಹ ಆಟಗಳನ್ನು ವಿದ್ವಾಂಸರು ಭಂಡಾರಕ್ಕೆ ಹೋಗದೆ ದೂರದಿಂದಲೇ ನೋಡಲು ಅವಕಾಶ ಕೊಡಬೇಕೆಂಬ ಪ್ರಾರ್ಥನೆಯು ೨೦೨೪ರ ಅಕ್ಟೋಬರಿನಲ್ಲಿ ನಿರಾಕರಿಸಲ್ಪಟ್ಟಿತು. ಅಭ್ಯಾಸದ ನೆಪದಲ್ಲಿ ಜನರು ವಿನೋದಕ್ಕಾಗಿ ಆಡಿಯಾರೆಂಬುದು ತೋರಿಸಿದ ಶಂಕೆಗಳಲ್ಲೊಂದು. ಭಾರತದ ಕೃತಿಸ್ವಾಮ್ಯದ ಕಾಯಿದೆಗೆ ೨೦೧೨ರಲ್ಲಿ ಸೇರಿದ ವಿಧಿಯು ಈ ವಿಷಯದಲ್ಲಿ ಹೆಚ್ಚು ವಿವೇಕವುಳ್ಳದ್ದು. ಸ್ವಾಮ್ಯವನ್ನು ಉಲ್ಲಂಘಿಸುವ ಉದ್ದೇಶದಿಂದ ಬೀಗವನ್ನು ಮುರಿದರೆ ಮಾತ್ರ ಅದು ಅಪರಾಧವೆನಿಸುವುದು.

ಬೀಗವನ್ನು ಹಾಕಿದವರಿಗೇ ಅದು ತೊಡಕಾದುದೂ ಉಂಟು. ೨೦೦೩ರಲ್ಲಿ ಪ್ರಕಟವಾದ ‘ಮ್ಯಾಕ್ಸ್ ಪೇನ್ ೨’ ಎಂಬ ಆಟವನ್ನು ಅದರ ಪ್ರಕಾಶಕರು ಮುಂದೆ ಸ್ಟೀಮ್ ಎಂಬ ಅಂಗಡಿಯ ಮೂಲಕ ಮಾರಿದಾಗ, ಆ ಪ್ರತಿಯೊಳಗೆ ಕಳ್ಳಪ್ರತಿಗಾರರ ತಂಡವೊಂದರ ಮುದ್ರೆಯಿರುವುದು ೨೦೧೦ರಲ್ಲಿ ಬಯಲಿಗೆ ಬಂದಿತು. ೨೦೧೫ರಲ್ಲಿ ಬಂದ ವಿಂಡೋಸ್ ೧೦, ಸೇಫ್‌ಡಿಸ್ಕ್ ಎಂಬ ಬೀಗಕ್ಕೆ ಬೇಕಾದ ಭಾಗವನ್ನು ಸುರಕ್ಷಿತವಲ್ಲವೆಂದು ಬಿಟ್ಟುಬಿಟ್ಟಿತು. ಆ ಬೀಗವುಳ್ಳ ಆಟಗಳ ನ್ಯಾಯವಾದ ಡಿಸ್ಕುಗಳು ಒಮ್ಮೆಗೇ ನಿರುಪಯುಕ್ತವಾದುವು. ಬೀಗ ಮುರಿದ ಪ್ರತಿಗಳಿಗಾದರೋ ಇದರಿಂದ ಯಾವ ಬಾಧೆಯೂ ತಟ್ಟಲಿಲ್ಲ.

ಇಷ್ಟಾದರೂ ಡಿಸ್ಕಿನಲ್ಲಿದ್ದ ಬೀಗವನ್ನು ಮುರಿದರೆ ಒಳಗೆ ಕೃತಿಯು ಇರುತ್ತಿದ್ದಿತು. ಈಚಿನ ಆಟಗಳಲ್ಲಿ ಅದೂ ಇಲ್ಲ. ೨೦೧೪ರಲ್ಲಿ ಪ್ರಕಟವಾದ ‘ದಿ ಕ್ರೂ’ ಎಂಬ ಆಟದ ಒಂದು ಭಾಗವು ಕೊಂಡವನ ಮನೆಯಲ್ಲಿಯೂ ಮತ್ತೊಂದು ಭಾಗವು ಪ್ರಕಾಶಕರ ದೂರದ ಯಂತ್ರದಲ್ಲಿಯೂ ಇದ್ದಿತು. ೨೦೨೪ರ ಮಾರ್ಚಿ ೩೧ರಂದು ಆ ಯಂತ್ರವನ್ನು ನಿಲ್ಲಿಸಿದರು. ಹಣ ಕೊಟ್ಟು ಕೊಂಡವರ ಆಟವೂ ಅಂದೇ ನಿಂತಿತು. ಇದರಿಂದ ಹುಟ್ಟಿದ ಚಳವಳಿಯು ಯೂರೋಪಿನಲ್ಲಿ ಒಂದು ಮನವಿಯನ್ನು ಸಿದ್ಧಪಡಿಸಿ, ೨೦೨೫ರ ಜುಲೈ ವೇಳೆಗೆ ಹತ್ತು ಲಕ್ಷಕ್ಕೂ ಮಿಕ್ಕ ರುಜುಗಳನ್ನು ಕೂಡಿಹಾಕಿತು. ಮಾರಿದ ಆಟವನ್ನು ಕೈಬಿಡುವಾಗ ಅದು ನಡೆಯುವ ಸ್ಥಿತಿಯಲ್ಲಿ ಬಿಟ್ಟುಹೋಗಬೇಕೆಂಬುದು ಅದರ ಕೋರಿಕೆ.

ರಚಿಸಿದವನ ಕೂಲಿಯನ್ನು ಕಾಪಾಡುವುದಕ್ಕೂ ಕೃತಿಯನ್ನು ಕಾಪಾಡುವುದಕ್ಕೂ ವಿರೋಧವಿರಲೇಬೇಕೆಂದಿಲ್ಲ. ಮುದ್ರಿತ ಗ್ರಂಥಗಳ ವಿಷಯದಲ್ಲಿ ಈ ತೊಡಕನ್ನು ಲೋಕವು ಬಹುಹಿಂದೆಯೇ ಬಿಡಿಸಿಕೊಂಡಿದೆ. ಭಾರತದಲ್ಲಿ ೧೯೫೪ರ ಕಾಯಿದೆಯಂತೆ ಪ್ರಕಾಶಕನು ತನ್ನ ಗ್ರಂಥದ ಪ್ರತಿಯನ್ನು ಕಲ್ಕತ್ತೆಯ ರಾಷ್ಟ್ರೀಯ ಗ್ರಂಥಭಂಡಾರವೇ ಮೊದಲಾದವುಗಳಿಗೆ ಒಪ್ಪಿಸಬೇಕು. ಇದರಿಂದ ಯಾವ ಪ್ರಕಾಶಕನ ವ್ಯಾಪಾರವೂ ಮುಳುಗಲಿಲ್ಲ. ಫ್ರಾನ್ಸ್ ದೇಶವು ೧೯೯೨ರ ಕಾನೂನಿನಿಂದ ಈ ನಿಯಮವನ್ನು ಪ್ರೋಗ್ರಾಮುಗಳಿಗೂ ಹಬ್ಬಿಸಿದುದರಿಂದ, ಆ ದೇಶದ ರಾಷ್ಟ್ರೀಯ ಗ್ರಂಥಭಂಡಾರದಲ್ಲಿ ವಿಡಿಯೋ ಆಟಗಳೂ ಗ್ರಂಥಗಳೊಡನೆ ಸ್ಥಾನವನ್ನು ಪಡೆದಿವೆ. ಹಾಗೆ ಒಪ್ಪಿಸುವ ಪ್ರತಿಯೊಂದಿಗೆ ಬೀಗದ ಕೀಲಿಯನ್ನೂ ಒಪ್ಪಿಸಬೇಕೆಂಬ ನಿಯಮವನ್ನು ಎಲ್ಲ ದೇಶಗಳೂ ಅಂಗೀಕರಿಸಿದಲ್ಲಿ, ಪೇಟೆಯಲ್ಲಿ ಬೀಗವು ತನ್ನ ಕೆಲಸವನ್ನು ಮಾಡುತ್ತಿರಬಹುದು, ಭಂಡಾರದಲ್ಲಿ ಕೃತಿಯೂ ಉಳಿಯಬಹುದು. ಅಲ್ಲಿಯವರೆಗೆ ಈ ಭಾರವು ಹುಸಿಹೆಸರಿನ ಕೆಲವರ ತಾಳ್ಮೆಯ ಮೇಲೆ ನಿಂತಿರುವುದು. ಹಳೆಯ ಡಿಸ್ಕುಗಳ ಕಾಂತಲೇಪವಂತೂ ವರ್ಷವರ್ಷಕ್ಕೂ ಸವೆಯುತ್ತಲೇ ಇದೆ.